ಎದುರಾಳಿಯ ಮಾತಿಗೆ ಕೊಡುವ ಜಾಗ

1934ರ ಜನವರಿ 15ರ ಮಧ್ಯಾಹ್ನ ಬಿಹಾರ ಮತ್ತು ನೇಪಾಳದ ನೆಲ ನಡುಗಿತು. ಮುಂಗೇರ್, ಮುಜಫ್ಫರಪುರದಂಥ ಊರುಗಳು ಕೆಲವೇ ನಿಮಿಷಗಳಲ್ಲಿ ಕುಸಿದವು. ಎರಡೂ ಕಡೆ ಸೇರಿ ಹತ್ತು ಸಾವಿರಕ್ಕೂ ಹೆಚ್ಚು ಜನ ಸತ್ತರು. ಆಗ ಗಾಂಧೀಜಿ ಅಸ್ಪೃಶ್ಯತೆಯ ವಿರುದ್ಧ ಹರಿಜನ ಯಾತ್ರೆ ಹೊರಟು ದಕ್ಷಿಣದಲ್ಲಿ ಓಡಾಡುತ್ತಿದ್ದರು. ಆ ತಿಂಗಳ ಆರಂಭದಲ್ಲಿ ಮೈಸೂರು ಸೀಮೆಗೂ ಬಂದು ಹೋಗಿದ್ದರು. ತಿರುನೆಲ್ವೇಲಿಯಲ್ಲಿ ಮಾತನಾಡುತ್ತ ಅವರು, ಈ ಭೂಕಂಪ ನಾವು ಅಸ್ಪೃಶ್ಯರೆಂದು ಕರೆದವರಿಗೆ ಮಾಡಿರುವ ಪಾಪಕ್ಕೆ ದೇವರು ಕೊಟ್ಟ ಶಿಕ್ಷೆ ಎಂದು ಹೇಳಿದರು.

ಪತ್ರಿಕೆಯಲ್ಲಿ ಇದನ್ನು ಓದಿದ ರವೀಂದ್ರನಾಥ ಠಾಕೂರರಿಗೆ ನೋವಾಯಿತು. ಅವರೊಂದು ಖಂಡನೆ ಬರೆದರು. ಆದರೆ ಅದನ್ನು ಪತ್ರಿಕೆಗೆ ಕಳಿಸಲಿಲ್ಲ, ಗಾಂಧೀಜಿಗೇ ಕಳಿಸಿದರು. ಜೊತೆಗಿಟ್ಟ ಪತ್ರದ ಸಾರ ಇಷ್ಟು: ನೀವು ಹೀಗೆ ಹೇಳಿದಿರೆಂದು ವರದಿಯಾಗಿದೆ, ನನಗೆ ನಂಬಲು ಕಷ್ಟವಾಗುತ್ತಿದೆ. ವರದಿ ನಿಜವಾಗಿದ್ದರೆ ಈ ಮಾತಿಗೆ ಉತ್ತರ ಬರದೆ ಇರಬಾರದು, ಆಗ ಈ ಖಂಡನೆಯನ್ನು ನೀವೇ ಪ್ರಕಟಣೆಗೆ ಕೊಡಿ. ನೀವು ಆಡದ ಮಾತಿಗೆ ನಿಮ್ಮನ್ನು ಟೀಕಿಸುವುದು ನನಗೆ ಬೇಡ.

ಗಾಂಧೀಜಿ ಅದನ್ನು ತಮ್ಮ ‘ಹರಿಜನ’ ವಾರಪತ್ರಿಕೆಯಲ್ಲಿ ಪ್ರಕಟಿಸಿದರು. ಫೆಬ್ರವರಿ 16ರ ಸಂಚಿಕೆಯಲ್ಲಿ ಠಾಕೂರರ ಖಂಡನೆಯೂ ಅದಕ್ಕೆ ಗಾಂಧೀಜಿಯ ಉತ್ತರವೂ ಒಟ್ಟಿಗೆ ಬಂದವು.

ಮನುಷ್ಯರು ಒಬ್ಬರೊಡನೊಬ್ಬರು ಮಾತಾಡುವುದಕ್ಕೆ ಒಂದು ಧರ್ಮ ಇದೆಯೇ, ಇದ್ದರೆ ಅದು ಏನು ಎಂದು ಯೋಚಿಸುವಾಗಲೆಲ್ಲ ನನಗೆ ಈ ಪತ್ರವ್ಯವಹಾರ ನೆನಪಾಗುತ್ತದೆ. ಸಂವಾದ ಎಂದರೆ ಮೃದುವಾಗಿ ಮಾತಾಡುವುದು, ಕೊನೆಗೆ ಹೇಗೋ ಒಮ್ಮತಕ್ಕೆ ಬರುವುದು ಎಂದು ನಾವು ತಿಳಿದಿದ್ದೇವೆ. ಇಲ್ಲಿ ಮೃದುತ್ವವೂ ಇಲ್ಲ, ಒಮ್ಮತವೂ ಇಲ್ಲ. ಠಾಕೂರರ ವಾದ ಹರಿತವಾಗಿತ್ತು. ಭೌತಿಕ ಅನಾಹುತಕ್ಕೆ ಭೌತಿಕ ಕಾರಣಗಳು ಮಾತ್ರ ಇರುತ್ತವೆ, ನಮ್ಮ ಪಾಪ ಎಷ್ಟೇ ದೊಡ್ಡದಿದ್ದರೂ ಸೃಷ್ಟಿಯ ಕಟ್ಟನ್ನು ಅಲುಗಿಸುವ ಬಲ ಅದಕ್ಕಿಲ್ಲ ಎಂದರು. ನಿಮ್ಮ ವಾದ ನಿಮಗಿಂತ ನಿಮ್ಮ ವಿರೋಧಿಗಳಿಗೇ ಚೆನ್ನಾಗಿ ಒಪ್ಪುತ್ತದೆ ಎಂದೂ ಸೇರಿಸಿದರು. ಹೌದಲ್ಲ: ಭೂಮಿ ನಡುಗಿದ್ದು ಗಾಂಧಿ ಅಸ್ಪೃಶ್ಯತೆಯನ್ನು ತೊಡೆಯಹೊರಟ ಪಾಪದಿಂದಲೇ ಎಂದು ಸನಾತನಿಗಳೂ ಅಷ್ಟೇ ಸಲೀಸಾಗಿ ಹೇಳಬಹುದಿತ್ತು. ಜನರ ಮನಸ್ಸಿನಿಂದ ಭಯವನ್ನು ಕಳೆದ ವ್ಯಕ್ತಿಯ ಬಾಯಿಂದಲೇ ವಿಚಾರಹೀನತೆಗೆ ಬಲ ಬರುವ ಮಾತು ಬಂದದ್ದು ತಮಗೆ ನೋವು ತಂದಿದೆ ಎಂದು ಮುಗಿಸಿದರು.

ಗಾಂಧೀಜಿ ಜಗ್ಗಲಿಲ್ಲ. ತಾನು ತಪ್ಪಿದ್ದೇನೆಂದು ಗುರುದೇವರಿಗೆ ಅನ್ನಿಸಿದರೆ ಹೇಳುವ ಹಕ್ಕು ಅವರಿಗೆ ಪೂರ್ಣವಾಗಿ ಇದೆ, ಬೇರೆ ಯಾವ ಟೀಕಾಕಾರನಿಗಿಂತ ಅವರ ಮಾತನ್ನು ಹೆಚ್ಚು ಆಸ್ಥೆಯಿಂದ ಕೇಳುತ್ತೇನೆ ಎಂದರು. ಆ ಖಂಡನೆಯನ್ನು ಮೂರು ಸಲ ಓದಿದ್ದಾಗಿಯೂ, ಓದಿದ ಮೇಲೂ ತನ್ನ ನಂಬಿಕೆ ಬದಲಾಗಿಲ್ಲವೆಂದೂ ಬರೆದರು. ಈ ನಂಬಿಕೆಯನ್ನು ರುಜುವಾತು ಮಾಡಲಾರೆ ಎಂಬುದನ್ನೂ ಮುಚ್ಚಿಡಲಿಲ್ಲ.

ವಾದದ ಮಟ್ಟಿಗೆ ಠಾಕೂರರು ಸರಿ, ಗಾಂಧೀಜಿ ತಪ್ಪು. ನನಗೆ ಇದರಲ್ಲಿ ಸಂಶಯವಿಲ್ಲ. ಸತ್ತವರಲ್ಲಿ ದಲಿತರೂ ಇದ್ದರು, ಮಕ್ಕಳೂ ಇದ್ದರು. ಅವರಿಗೆ ಯಾವ ಪಾಪದ ಶಿಕ್ಷೆ? ಆದರೆ ಇಲ್ಲಿ ನಾನು ಗಮನಿಸಬೇಕೆನ್ನುವುದು ಬೇರೆಯದು. ತಾನು ಟೀಕಿಸುವ ಮಾತು ನಿಜವಾಗಿ ಆಡಿದ್ದೇ ಎಂದು ಒಬ್ಬರು ಮೊದಲು ಕೇಳಿ ತಿಳಿದುಕೊಂಡರು. ತನ್ನ ವಿರುದ್ಧದ ಮಾತನ್ನು ಇನ್ನೊಬ್ಬರು ಮೂರು ಸಲ ಓದಿ, ತನ್ನದೇ ಪತ್ರಿಕೆಯಲ್ಲಿ ಜಾಗ ಕೊಟ್ಟು, ಆಮೇಲೆ ಉತ್ತರಿಸಿದರು. ಹಾಗಾಗಿ ‘ಹರಿಜನ’ದ ಓದುಗ ಗಾಂಧೀಜಿಯ ಉತ್ತರ ಸಾಲದು ಎಂದು ಅದೇ ಸಂಚಿಕೆಯನ್ನು ಓದಿಯೇ ತೀರ್ಮಾನಿಸಬಹುದಿತ್ತು. ತೀರ್ಪು ಕೊಡಲು ಬೇಕಾದ ಸಾಮಗ್ರಿಯನ್ನೆಲ್ಲ ಸೋಲಬಹುದಾದವನೇ ಓದುಗನ ಕೈಗಿಟ್ಟಿದ್ದ.

ಇದು ಆ ಇಬ್ಬರ ದೊಡ್ಡತನ ಮಾತ್ರವಲ್ಲ. ಅದರ ಹಿಂದೆ ಬಹಳ ಹಳೆಯದೊಂದು ಶಿಸ್ತು ಇದೆ. ನಮ್ಮ ಶಾಸ್ತ್ರಗ್ರಂಥಗಳಲ್ಲಿ ಪೂರ್ವಪಕ್ಷ, ಸಿದ್ಧಾಂತ ಎಂಬ ಕ್ರಮವಿದೆ. ಮೊದಲು ಎದುರಾಳಿಯ ವಾದವನ್ನು ನಿರೂಪಿಸಬೇಕು, ಆಮೇಲೆ ತನ್ನದು. ಎಷ್ಟೋ ದಾರ್ಶನಿಕರ ಮೂಲಗ್ರಂಥಗಳು ನಾಶವಾಗಿ ಹೋಗಿವೆ. ಲೋಕಾಯತರೇನು ಹೇಳುತ್ತಿದ್ದರು ಎಂಬುದು ಇವತ್ತು ನಮಗೆ ತಿಳಿದಿರುವುದು ಬಹುಪಾಲು ಅವರ ವಿರೋಧಿಗಳು ಬರೆದಿಟ್ಟ ಪೂರ್ವಪಕ್ಷದಿಂದಲೇ. ಆ ನಿರೂಪಣೆಗಳೆಲ್ಲ ಪ್ರಾಮಾಣಿಕವಾಗಿದ್ದವು ಎನ್ನಲಾಗದು. ಎದುರಾಳಿ ತಾನೇ ಬಂದು ಹೇಳಲಾರದಾಗ ಅವನ ಮಾತನ್ನು ತೆಳುವಾಗಿಸುವುದು ಸುಲಭ. ಆದರೂ ಖಂಡಿಸುವುದಕ್ಕೆ ಮೊದಲು ಹೇಳಬೇಕು ಎಂಬ ನಿಯಮವಂತೂ ಇತ್ತು.

ಈ ನಿಯಮವನ್ನು ಅತ್ಯಂತ ವಿವರವಾಗಿ ಚರ್ಚಿಸಿದವರು ನ್ಯಾಯದರ್ಶನದವರು. ಗೌತಮನ ಹೆಸರಿನಲ್ಲಿರುವ ನ್ಯಾಯಸೂತ್ರ ಕ್ರಿಸ್ತಶಕದ ಮೊದಲ ಶತಮಾನಗಳ ಗ್ರಂಥ, ಅದಕ್ಕೆ ವಾತ್ಸ್ಯಾಯನನ ಭಾಷ್ಯವಿದೆ. ಅದು ಮಾತುಕತೆಯನ್ನು ಮೂರು ಬಗೆಯಾಗಿ ನೋಡುತ್ತದೆ. ಇಬ್ಬರೂ ನಿಜ ಏನೆಂದು ತಿಳಿಯಲು ಪ್ರಮಾಣ ಮತ್ತು ತರ್ಕ ಹಿಡಿದು ಮಾತಾಡಿದರೆ ಅದು ವಾದ. ಗೆಲ್ಲುವುದೇ ಗುರಿಯಾಗಿ, ಅದಕ್ಕಾಗಿ ಮೋಸದ ಪಟ್ಟುಗಳನ್ನೂ ಹಾಕಿದರೆ ಜಲ್ಪ. ತನ್ನದೆಂದು ಏನನ್ನೂ ನಿಲ್ಲಿಸದೆ ಎದುರಿನವನನ್ನು ಕೆಡವುವುದಕ್ಕಷ್ಟೇ ನಿಂತರೆ ವಿತಂಡ. ಮೂರರಲ್ಲೂ ಇಬ್ಬರು ಇರುತ್ತಾರೆ, ಮೂರರಲ್ಲೂ ದನಿ ಏರಬಹುದು. ಹೊರಗಿನಿಂದ ನೋಡುವವನಿಗೆ ಮೂರೂ ಒಂದೇ ರೀತಿ ಕಾಣಬಹುದು. ವ್ಯತ್ಯಾಸವಿರುವುದು ಮಾತಾಡುವವನು ಏನನ್ನು ಕಳೆದುಕೊಳ್ಳಲು ಸಿದ್ಧನಿದ್ದಾನೆ ಎಂಬುದರಲ್ಲಿ. ವಾದಕ್ಕೆ ಕೂತವನು ತನ್ನ ಅಭಿಪ್ರಾಯವನ್ನೇ ಕಳೆದುಕೊಳ್ಳಬಹುದು. ವಿತಂಡಕ್ಕೆ ನಿಂತವನು ಏನನ್ನೂ ಮುಂದಿಟ್ಟಿಲ್ಲವಾದ್ದರಿಂದ ಕಳೆದುಕೊಳ್ಳುವುದೂ ಇಲ್ಲ.

ನ್ಯಾಯಸೂತ್ರದ ಕೊನೆಯ ಭಾಗದಲ್ಲಿ ನಿಗ್ರಹಸ್ಥಾನಗಳ ಪಟ್ಟಿ ಇದೆ. ವಾದಿ ಸೋತನೆಂದು ಸಭೆ ಘೋಷಿಸಬೇಕಾದ ಸಂದರ್ಭಗಳು ಇವು, ಒಟ್ಟು 22. ಪಂಡಿತರಿಗೆ ಮಾತ್ರ ಬೇಕಾದ ಒಣ ವರ್ಗೀಕರಣ ಎಂದು ಇದನ್ನು ಬದಿಗಿಡುವುದುಂಟು. ನನ್ನ ಮಟ್ಟಿಗೆ, ಮಾತಿನ ನೀತಿಯ ಬಗ್ಗೆ ನಮ್ಮಲ್ಲಿರುವ ಅತ್ಯುತ್ತಮ ಬರವಣಿಗೆಗಳಲ್ಲಿ ಇದೂ ಒಂದು. ಅದರಲ್ಲಿ ಅನನುಭಾಷಣ ಎಂಬ ದೋಷವಿದೆ. ಎದುರಾಳಿ ತನ್ನ ಮಾತನ್ನು ಮೂರು ಸಲ ಹೇಳಿದ್ದಾನೆ, ಸಭೆಗೆ ಅದು ಅರ್ಥವಾಗಿದೆ, ಆದರೂ ನೀನು ಅದನ್ನು ತಿರುಗಿ ಹೇಳಲಾರೆ. ಹಾಗಾದರೆ ನೀನು ಸೋತೆ. ನಿನ್ನ ಖಂಡನೆ ಎಷ್ಟೇ ಚಮತ್ಕಾರದ್ದಾಗಿರಲಿ, ಅದನ್ನು ಯಾರೂ ಕೇಳಬೇಕಾಗಿಲ್ಲ. ನೀನು ಖಂಡಿಸುತ್ತಿರುವುದು ಏನನ್ನು ಎಂಬುದು ನಿನಗೇ ಗೊತ್ತಿಲ್ಲವಲ್ಲ.

ಇದೇ ಪಟ್ಟಿಯಲ್ಲಿ ಹೇಳುವವನ ಮೇಲೂ ಒಂದು ಹೊಣೆಯಿದೆ. ಮೂರು ಸಲ ಹೇಳಿದರೂ ಎದುರಾಳಿಗೂ ಸಭೆಗೂ ಅರ್ಥವಾಗದಂತೆ ಮಾತಾಡಿದರೆ ಸೋತವನು ಹೇಳಿದವನು. ಇದರ ಹೆಸರು ಅವಿಜ್ಞಾತಾರ್ಥ. ಕಷ್ಟದ ಪದಗಳ ಹಿಂದೆ ಅಡಗಿ ಕೂತು ‘ನಿಮಗೆ ತಿಳಿಯದು’ ಎನ್ನುವ ವಿದ್ವಾಂಸನಿಗೂ, ಜನರಿಗೆ ತಿಳಿಯದ ಭಾಷೆಯಲ್ಲಿ ನೋಟಿಸು ಅಂಟಿಸುವ ಕಚೇರಿಗೂ ಇದು ಅನ್ವಯಿಸುತ್ತದೆ. ತಿಳಿಯುವಂತೆ ಹೇಳುವ ಭಾರ ಹೇಳುವವನದು, ಕೇಳಿದ್ದನ್ನು ಸರಿಯಾಗಿ ಹಿಡಿಯುವ ಭಾರ ಕೇಳುವವನದು. ಸಂವಾದ ಇಬ್ಬರ ಹೆಗಲ ಮೇಲೂ ಇದೆ.

ಮತಾನುಜ್ಞಾ ಎಂಬ ಇನ್ನೊಂದು ದೋಷವನ್ನು ಓದಿದರೆ ಇವತ್ತಿನ ಟಿವಿ ನೋಡಿಯೇ ಬರೆದರೇನೋ ಅನ್ನಿಸುತ್ತದೆ. ನನ್ನ ಪಕ್ಷದ ಮೇಲೆ ಹೊರಿಸಿದ ದೋಷಕ್ಕೆ ಉತ್ತರ ಕೊಡದೆ, ‘ನಿಮ್ಮ ಪಕ್ಷದಲ್ಲೂ ಅದೇ ದೋಷ ಇದೆ’ ಎಂದು ತಿರುಗಿಸುವುದು. ಸೂತ್ರಕಾರ ಹೇಳುವಂತೆ, ಹಾಗೆ ತಿರುಗಿಸಿದವನು ತನ್ನ ಮೇಲಿನ ಆರೋಪವನ್ನು ಒಪ್ಪಿಕೊಂಡಂತಾಯಿತು. ನಿಮ್ಮ ಕಾಲದಲ್ಲಿ ಹಗರಣ ನಡೆಯಲಿಲ್ಲವೇ ಎಂದು ಕೇಳುವ ಪ್ರತಿಯೊಬ್ಬ ವಕ್ತಾರನೂ ಈ ನಿಯಮದ ಪ್ರಕಾರ ಸೋತಿರುತ್ತಾನೆ. ಹಾಗೆಯೇ ವಿಕ್ಷೇಪ: ಸೋಲು ಕಣ್ಣೆದುರು ಬಂದಾಗ ‘ನನಗೆ ಬೇರೆ ಕೆಲಸವಿದೆ’ ಎಂದು ನೆಪ ಹೇಳಿ ಎದ್ದುಹೋಗುವುದು. ಎದುರಾಳಿಯ ಮೇಲೆ ಇಲ್ಲದ ತಪ್ಪು ಹೊರಿಸಿದರೂ ಸೋಲು, ಅವನು ನಿಜವಾಗಿ ತಪ್ಪಿದಾಗ ಹೇಳದೆ ಬಿಟ್ಟರೂ ಸೋಲು. ಈ ಕೊನೆಯದು ನನಗೆ ಬಹಳ ಮುಖ್ಯವೆನಿಸುತ್ತದೆ. ಸುಮ್ಮನಿರುವುದನ್ನು ನಾವು ಸೌಜನ್ಯವೆಂದುಕೊಳ್ಳುತ್ತೇವೆ. ಎದುರಿನವನ ತಪ್ಪನ್ನು ಅವನಿಗೆ ತೋರಿಸದೆ ಬಿಡುವುದು ಅವನನ್ನು ಮಾತಾಡಲು ಯೋಗ್ಯನೆಂದು ಎಣಿಸದಿರುವುದರ ಗುರುತೂ ಆಗಬಹುದು.

ಶಬ್ದಗಳನ್ನು ತಿರುಚಿ ಗೆಲ್ಲುವುದಕ್ಕೆ ನ್ಯಾಯದವರು ಛಲ ಎಂದು ಹೆಸರಿಟ್ಟರು. ‘ಈ ಹುಡುಗನ ಹತ್ತಿರ ನವಕಂಬಳಿ ಇದೆ’ ಎಂದು ಒಬ್ಬ ಹೇಳುತ್ತಾನೆ. ಹೊಸ ಕಂಬಳಿ ಎಂಬುದು ಅವನ ಅರ್ಥವೆಂದು ಕೇಳುವವನಿಗೆ ಚೆನ್ನಾಗಿ ಗೊತ್ತು. ಗೊತ್ತಿದ್ದೂ ‘ಒಂಬತ್ತು ಕಂಬಳಿ ಎಲ್ಲಿವೆ, ಇರುವುದು ಒಂದೇ’ ಎಂದು ಅವನನ್ನು ಸುಳ್ಳುಗಾರನನ್ನಾಗಿ ಮಾಡುತ್ತಾನೆ. ಇದು ಭಾಷ್ಯದಲ್ಲೇ ಇರುವ ಉದಾಹರಣೆ. ಒಂದು ಗಂಟೆಯ ಭಾಷಣದಿಂದ ಇಪ್ಪತ್ತು ಸೆಕೆಂಡಿನ ತುಣುಕನ್ನು ಕತ್ತರಿಸಿ ವಾಟ್ಸ್ಆ್ಯಪ್‌ನಲ್ಲಿ ಹರಿಬಿಡುವವರು ಮಾಡುವುದೂ ಇದನ್ನೇ. ಭಾಷಣಕಾರನ ಅರ್ಥ ಅವರಿಗೆ ತಿಳಿಯಲಿಲ್ಲವೆಂದಲ್ಲ, ತಿಳಿದೇ ಕತ್ತರಿ ಹಾಕಿರುತ್ತಾರೆ. ಅದಕ್ಕೇ ಛಲವನ್ನು ಬುದ್ಧಿಯ ದೋಷವೆನ್ನಲಾಗದು, ಅದು ನಡತೆಯ ದೋಷ.

ಈ ಶಿಸ್ತು ಕಠೋರ ಮಾತನ್ನು ನಿಷೇಧಿಸುವುದಿಲ್ಲ. ಹದಿನೈದನೆಯ ಶತಮಾನದಲ್ಲಿ ಕನ್ನಡದಲ್ಲಿ ಸಂಕಲನಗೊಂಡ ಶೂನ್ಯಸಂಪಾದನೆಯನ್ನು ನೋಡಿ. ಶಿವಗಣಪ್ರಸಾದಿ ಮಹಾದೇವಯ್ಯ ಮತ್ತು ಆತನ ನಂತರದವರು ಹನ್ನೆರಡನೆಯ ಶತಮಾನದ ಶರಣರ ವಚನಗಳನ್ನು ಪ್ರಶ್ನೋತ್ತರವಾಗಿ ಹೊಂದಿಸಿ ಈ ಗ್ರಂಥವನ್ನು ಕಟ್ಟಿದರು. ಕಲ್ಯಾಣಕ್ಕೆ ಬಂದ ಅಕ್ಕಮಹಾದೇವಿಯನ್ನು ಅಲ್ಲಮಪ್ರಭು ಅದರಲ್ಲಿ ಎಷ್ಟು ನಿಷ್ಠುರವಾಗಿ ಪ್ರಶ್ನಿಸುತ್ತಾನೆಂದರೆ, ಓದುವವರಿಗೆ ಸಂಕಟವಾಗುತ್ತದೆ. ಆದರೆ ಪ್ರತಿ ಪ್ರಶ್ನೆಗೂ ಅಕ್ಕನ ಉತ್ತರಕ್ಕೆ ಅಲ್ಲಿ ಜಾಗವಿದೆ, ಅದೂ ಅಕ್ಕನ ವಚನಗಳಲ್ಲೇ. ಕೊನೆಗೆ ಅವಳ ಎತ್ತರವನ್ನು ಅಲ್ಲಮನೇ ಒಪ್ಪಿಕೊಳ್ಳುತ್ತಾನೆ. ಸಂಕಲನಕಾರರಿಗೆ ಅಲ್ಲಮನೇ ನಾಯಕ. ಹಾಗಿದ್ದೂ ಅವನೆದುರಿಗೆ ನಿಂತವಳ ಮಾತನ್ನು ಅವರು ಕುಗ್ಗಿಸಲಿಲ್ಲ.

ಇಷ್ಟು ಹೇಳಿ ನಿಲ್ಲಿಸಿದರೆ ಅರ್ಧ ಸತ್ಯ ಹೇಳಿದಂತಾಗುತ್ತದೆ. ವಾದದ ನಿಯಮಗಳು ಸಭೆಯೊಳಗೆ ಬಂದವರಿಗೆ ಅನ್ವಯಿಸುತ್ತವೆ. ಸಭೆಯೊಳಗೆ ಯಾರನ್ನು ಬಿಡುತ್ತಾರೆ? ಬಂದವರಿಗೆ ಹೆದರದೆ ಮಾತಾಡಲು ಸಾಧ್ಯವೇ?

ಪಾಲಿ ಭಾಷೆಯ ಮಿಲಿಂದಪಞ್ಹದಲ್ಲಿ ಈ ಪ್ರಶ್ನೆ ಬಹಳ ನೇರವಾಗಿ ಬರುತ್ತದೆ. ಗ್ರೀಕ್ ಮೂಲದ ರಾಜ ಮಿಲಿಂದ ಬೌದ್ಧ ಭಿಕ್ಷು ನಾಗಸೇನನನ್ನು ಚರ್ಚೆಗೆ ಕರೆಯುತ್ತಾನೆ. ಪಂಡಿತರು ಚರ್ಚಿಸುವಂತೆ ಚರ್ಚಿಸುವುದಾದರೆ ಬರುತ್ತೇನೆ, ರಾಜರು ಚರ್ಚಿಸುವಂತೆ ಆದರೆ ಒಲ್ಲೆ ಎಂದು ನಾಗಸೇನ ಹೇಳುತ್ತಾನೆ. ವ್ಯತ್ಯಾಸವನ್ನೂ ವಿವರಿಸುತ್ತಾನೆ. ಪಂಡಿತರ ಚರ್ಚೆಯಲ್ಲಿ ಒಬ್ಬರ ಮಾತನ್ನು ಇನ್ನೊಬ್ಬರು ಬಿಡಿಸುತ್ತಾರೆ, ತಪ್ಪು ತೋರಿಸುತ್ತಾರೆ, ಅದಕ್ಕೆ ಯಾರೂ ಸಿಟ್ಟಾಗುವುದಿಲ್ಲ. ರಾಜರು ಒಂದು ಮಾತು ಹೇಳಿ, ಒಪ್ಪದವನಿಗೆ ಶಿಕ್ಷೆ ಕೊಡಿಸುತ್ತಾರೆ. ಮಿಲಿಂದ ಪಂಡಿತನಂತೆ ಮಾತಾಡಲು ಒಪ್ಪಿದ ಮೇಲೆಯೇ ಮಾತು ಮುಂದುವರಿಯುತ್ತದೆ. ಅಧಿಕಾರವುಳ್ಳವನು ಅದನ್ನು ಬಾಗಿಲ ಹೊರಗೆ ಇಟ್ಟು ಬರಬೇಕು, ಹಾಗೆ ಇಟ್ಟಿದ್ದಾನೆಂದು ಎದುರಿನವನಿಗೆ ನಂಬಿಕೆಯೂ ಬರಬೇಕು.

ಇಪ್ಪತ್ತನೆಯ ಶತಮಾನದಲ್ಲಿ ಜರ್ಮನಿಯ ಯೂರ್ಗನ್ ಹಾಬರ್‌ಮಾಸ್ ಇದೇ ವಿಷಯವನ್ನು ತತ್ತ್ವವಾಗಿ ಬೆಳೆಸಿದರು. 1981ರಲ್ಲಿ ಬಂದ ಅವರ ದೊಡ್ಡ ಗ್ರಂಥದ ಒಂದು ವಿಚಾರವನ್ನು ಮನೆಯ ಮಾತಿನಲ್ಲೇ ನೋಡಬಹುದು. ‘ನಾಳೆ ನಲ್ಲೀಲಿ ನೀರು ಬರಲ್ಲ, ಈಗಲೇ ತುಂಬಿಸಿಡು’ ಎಂದು ಅತ್ತೆ ಸೊಸೆಗೆ ಹೇಳುತ್ತಾರೆ ಎಂದಿಟ್ಟುಕೊಳ್ಳಿ. ಈ ಚಿಕ್ಕ ಮಾತಿನೊಳಗೆ ಮೂರು ಪ್ರತಿಪಾದನೆಗಳನ್ನು ಮಂಡಿಸಿದಂತಾಯಿತು. ನೀರು ಬರುವುದಿಲ್ಲ ಎಂಬುದು ನಿಜ, ಈ ಕೆಲಸ ಹೇಳುವುದು ನನಗೆ ಸಲ್ಲುತ್ತದೆ, ನಾನು ಮನಸ್ಸಿನಲ್ಲಿ ಬೇರೇನೋ ಇಟ್ಟುಕೊಂಡು ಹೇಳುತ್ತಿಲ್ಲ. ಸೊಸೆ ಈ ಮೂರರಲ್ಲಿ ಯಾವುದನ್ನಾದರೂ ಪ್ರಶ್ನಿಸಬಹುದು. ನಿಮಗೆ ಯಾರು ಹೇಳಿದರು ಅತ್ತೆ ಎನ್ನಬಹುದು. ಯಾವಾಗಲೂ ನನಗೇ ಯಾಕೆ ಹೇಳುತ್ತೀರಿ ಎನ್ನಬಹುದು. ನಾನು ತವರಿಗೆ ಹೊರಡುತ್ತೇನೆಂದು ತಾನೇ ಈ ಕೆಲಸ ಹಚ್ಚಿದ್ದು ಎಂದೂ ಕೇಳಬಹುದು. ಮೂರೂ ಪ್ರಶ್ನೆಗಳನ್ನು ಅವಳು ಭಯವಿಲ್ಲದೆ ಕೇಳಲು ಆದರೆ, ಕೇಳಿದಾಗ ಕಾರಣ ಸಿಕ್ಕರೆ, ಅದು ಸಂವಾದ. ಮೊದಲನೆಯದನ್ನು ಮಾತ್ರ ಕೇಳಬಹುದು, ಮಿಕ್ಕೆರಡು ಬಾಯಿಗೆ ಬರುವಂತಿಲ್ಲ ಎಂದಾದರೆ ಅದು ಆಜ್ಞೆ. ಒಳ್ಳೆಯ ಕಾರಣಕ್ಕಿರುವ ಬಲ ಬಿಟ್ಟರೆ ಬೇರೆ ಯಾವ ಬಲವೂ ಅಲ್ಲಿ ಕೆಲಸ ಮಾಡಬಾರದು ಎಂಬುದು ಹಾಬರ್‌ಮಾಸರ ಒಟ್ಟು ಆಶಯ. ಇಂಥ ಸ್ಥಿತಿ ಪೂರ್ತಿಯಾಗಿ ಎಲ್ಲೂ ಇರುವುದಿಲ್ಲ. ಆದರೂ ಒಂದು ಮಾತುಕತೆ ಎಲ್ಲಿ ಕೆಟ್ಟಿತು ಎಂದು ತೋರಿಸುವ ಅಳತೆಗೋಲಾಗಿ ಅದು ಉಪಯೋಗಕ್ಕೆ ಬರುತ್ತದೆ.

ಆ ಅಳತೆಗೋಲನ್ನು ಮತ್ತೆ ಗಾಂಧೀಜಿಯ ಮುಂದೆಯೇ ಹಿಡಿಯಬೇಕು. 1932ರ ಆಗಸ್ಟ್‌ನಲ್ಲಿ ಬ್ರಿಟಿಷ್ ಸರ್ಕಾರ ದಲಿತರಿಗೆ ಪ್ರತ್ಯೇಕ ಮತಕ್ಷೇತ್ರ ಘೋಷಿಸಿತು. ಅದರ ವಿರುದ್ಧ ಗಾಂಧೀಜಿ ಸೆಪ್ಟೆಂಬರ್ 20ರಂದು ಯೆರವಾಡ ಜೈಲಿನಲ್ಲಿ ಆಮರಣ ಉಪವಾಸ ಹೂಡಿದರು. ಅಂಬೇಡ್ಕರ್ ಮಾತುಕತೆಗೆ ಬರಬೇಕಾಯಿತು. 24ರಂದು ಪುಣೆ ಒಪ್ಪಂದವಾಯಿತು. ಪ್ರತ್ಯೇಕ ಮತಕ್ಷೇತ್ರ ಹೋಯಿತು, ಅದರ ಬದಲು ಪ್ರಾಂತೀಯ ಶಾಸನಸಭೆಗಳಲ್ಲಿ 148 ಮೀಸಲು ಸ್ಥಾನಗಳು ಬಂದವು. ಇದನ್ನು ಸಂವಾದ ಎನ್ನಬಹುದೇ? ಮಾತುಗಳು ನಡೆದವು, ಕೊಡು ಕೊಳ್ಳುವಿಕೆಯೂ ನಡೆಯಿತು, ಸಹಿಯೂ ಬಿತ್ತು. ಆದರೆ ಒಂದು ಕಡೆಯವರ ಪ್ರಾಣ ಹೋದರೆ ಅದರ ಸಿಟ್ಟು ಹಳ್ಳಿಹಳ್ಳಿಯ ಕೇರಿಗಳ ಮೇಲೆ ತಿರುಗುತ್ತದೆ ಎಂಬ ಭಯ ಇನ್ನೊಂದು ಕಡೆಯವರ ತಲೆಯ ಮೇಲೆ ತೂಗುತ್ತಿತ್ತು. ‘ಇಲ್ಲ’ ಎನ್ನುವ ಸ್ವಾತಂತ್ರ್ಯ ಅಂಬೇಡ್ಕರರಿಗೆ ಹೆಸರಿಗೆ ಮಾತ್ರ ಇತ್ತು. 1945ರಲ್ಲಿ ಬರೆದ ಪುಸ್ತಕದಲ್ಲಿ ಅವರು ಆ ಉಪವಾಸವನ್ನು ಕಟುವಾಗಿ ಖಂಡಿಸಿದರು. 1934ರಲ್ಲಿ ಠಾಕೂರರ ಟೀಕೆಗೆ ತನ್ನ ಪತ್ರಿಕೆಯಲ್ಲಿ ಜಾಗ ಕೊಟ್ಟವರೂ ಈ ಗಾಂಧೀಜಿಯೇ. ಇಬ್ಬರು ಸಮಾನರ ನಡುವೆ ಅವರಲ್ಲಿ ಸಹಜವಾಗಿದ್ದ ಔದಾರ್ಯ, ಅಸಮಾನತೆಯ ನಡುವೆ ಎಷ್ಟು ಕಷ್ಟವಾಯಿತು ಎಂಬುದನ್ನು ಮುಚ್ಚಿಟ್ಟು ಅವರನ್ನು ಹೊಗಳಿದರೆ ಅವರಿಗೇ ಅನ್ಯಾಯ.

1936ರ ಕಥೆ ಇನ್ನೂ ಸೂಕ್ಷ್ಮವಾದದ್ದು. ಲಾಹೋರಿನ ಜಾತ್-ಪಾತ್ ತೋಡಕ್ ಮಂಡಲ ಜಾತಿ ಮುರಿಯಲೆಂದೇ ಹುಟ್ಟಿದ ಹಿಂದೂ ಸುಧಾರಕರ ಸಂಸ್ಥೆ. ತನ್ನ ವಾರ್ಷಿಕ ಸಮ್ಮೇಳನದ ಅಧ್ಯಕ್ಷತೆಗೆ ಅದು ಅಂಬೇಡ್ಕರರನ್ನು ಕರೆಯಿತು. ಭಾಷಣದ ಪ್ರತಿ ಮೊದಲೇ ಕೈಗೆ ಬಂದಾಗ ಕೆಲವು ಭಾಗ ತೆಗೆಯಿರಿ ಎಂದಿತು. ಅವರು ಒಂದು ಅಲ್ಪವಿರಾಮವನ್ನೂ ಬದಲಿಸಲು ಒಪ್ಪಲಿಲ್ಲ. ಸಮ್ಮೇಳನವೇ ರದ್ದಾಯಿತು. ಅಂಬೇಡ್ಕರ್ ಸ್ವಂತ ಖರ್ಚಿನಲ್ಲಿ 1500 ಪ್ರತಿ ಅಚ್ಚು ಹಾಕಿಸಿದರು. ಇದೇ ನಮಗೆ ‘ಜಾತಿ ವಿನಾಶ’ ಎಂದು ಪರಿಚಿತವಾಗಿರುವ ಪುಸ್ತಕ.

ಗಾಂಧೀಜಿ ‘ಹರಿಜನ’ದಲ್ಲಿ ಈ ಪುಸ್ತಕದ ಬಗ್ಗೆ ಬರೆದರು. ಭಾಷಣವನ್ನು ತಡೆದು ಸ್ವಾಗತ ಸಮಿತಿ ತಪ್ಪು ಮಾಡಿತು ಎಂದರು. ಯಾವ ಸುಧಾರಕನೂ ಇದನ್ನು ಓದದೆ ಬಿಡುವಂತಿಲ್ಲ ಎಂದರು. ಬೆಲೆ ಎಂಟಾಣೆ ಹೆಚ್ಚಾಯಿತು, ಎರಡಾಣೆಗೋ ನಾಲ್ಕಾಣೆಗೋ ಇಳಿಸಿದರೆ ಒಳ್ಳೆಯದು ಎಂದೂ ಸೂಚಿಸಿದರು. ತನ್ನ ಧರ್ಮದ ಬುಡಕ್ಕೇ ಕೊಡಲಿ ಹಾಕಿದ ಪುಸ್ತಕ ಹೆಚ್ಚು ಜನರ ಕೈಗೆ ಹೋಗಲಿ ಎನ್ನುವುದು ಸಣ್ಣ ಮಾತಲ್ಲ. ಆಮೇಲೆ ತಮ್ಮ ಆಕ್ಷೇಪಗಳನ್ನು ಹೇಳಿದರು. ಉಲ್ಲೇಖಿಸಿದ ಶಾಸ್ತ್ರವಾಕ್ಯಗಳೆಲ್ಲ ಪ್ರಮಾಣವಲ್ಲ, ಜಾತಿಗೂ ಧರ್ಮಕ್ಕೂ ಸಂಬಂಧವಿಲ್ಲ, ಒಂದು ಧರ್ಮವನ್ನು ಅದರ ಕೆಟ್ಟ ಮಾದರಿಗಳಿಂದ ಅಳೆಯದೆ ಅತ್ಯುತ್ತಮರಿಂದ ಅಳೆಯಬೇಕು ಎಂಬುದು ಅವುಗಳ ಸಾರ.

1937ರ ಎರಡನೆಯ ಆವೃತ್ತಿಯಲ್ಲಿ ಅಂಬೇಡ್ಕರ್ ಗಾಂಧೀಜಿಯ ಬರಹಗಳನ್ನು ಇಡಿಯಾಗಿ ಸೇರಿಸಿದರು. ಮಂಡಲದೊಂದಿಗಿನ ಪತ್ರಗಳನ್ನೂ ಸೇರಿಸಿ, ಕೊನೆಗೆ ತಮ್ಮ ಉತ್ತರ ಕೊಟ್ಟರು. ಆ ಉತ್ತರದ ರಚನೆಯನ್ನು ಗಮನಿಸಬೇಕು. ತಾನು ಭಾಷಣದಲ್ಲಿ ಸ್ಥಾಪಿಸಲು ಹೊರಟ ಅಂಶಗಳು ಇವು ಎಂದು ಅವರು ಒಂದೊಂದಾಗಿ ಎಣಿಸುತ್ತಾರೆ. ಮಹಾತ್ಮರು ಇವುಗಳನ್ನು ಮುಟ್ಟಲೇ ಇಲ್ಲ, ಭಾಷಣದ ಮುಖ್ಯ ವಾದ ಅವರಿಗೆ ದಕ್ಕಲಿಲ್ಲ ಎನ್ನುತ್ತಾರೆ. ಅನಂತರ ಗಾಂಧೀಜಿಯ ಅಂಶಗಳನ್ನು ತಾವೇ ಸಂಗ್ರಹಿಸಿ ನಿರೂಪಿಸಿ, ಪ್ರತಿಯೊಂದಕ್ಕೂ ಉತ್ತರಿಸುತ್ತಾರೆ. ಧರ್ಮವನ್ನು ಉತ್ತಮರಿಂದ ಅಳೆಯಬೇಕು ಎಂಬ ಮಾತಿಗೆ ಅವರ ಪ್ರಶ್ನೆ: ಉತ್ತಮರು ಅಷ್ಟು ಕಡಿಮೆ, ಅಧಮರು ಅಷ್ಟು ಹೆಚ್ಚು ಆದದ್ದು ಏಕೆ?

ನ್ಯಾಯಸೂತ್ರದ ಮಾತಿನಲ್ಲಿ ಹೇಳುವುದಾದರೆ, ಅಂಬೇಡ್ಕರ್ ಗಾಂಧೀಜಿಯ ಮೇಲೆ ಹೊರಿಸಿದ್ದು ಅನನುಭಾಷಣದ ದೋಷ. ತಾವು ಮಾತ್ರ ಎದುರಾಳಿಯ ಮಾತನ್ನು ತಿರುಗಿ ಹೇಳಿಯೇ ಖಂಡಿಸಿದರು. ಆ ದೋಷಾರೋಪ ಸರಿಯಾದದ್ದೆಂದು ನನ್ನ ಅಭಿಪ್ರಾಯ. ಗಾಂಧೀಜಿ ಅಂಬೇಡ್ಕರರಿಗೆ ಜಾಗ ಕೊಟ್ಟರು, ಓದುಗರನ್ನೂ ಕೊಟ್ಟರು, ಆದರೆ ಅವರ ಪ್ರಶ್ನೆಯನ್ನು ಅವರು ಕೇಳಿದ ಜಾಗದಲ್ಲೇ ನಿಂತು ಎದುರಿಸಲಿಲ್ಲ. ಜಾತಿಯ ಕೆಳಗೆ ಬದುಕುವವರಿಗೆ ಏನಾಗುತ್ತಿದೆ ಎಂಬ ಪ್ರಶ್ನೆಗೆ, ಶಾಸ್ತ್ರದ ಸರಿಯಾದ ಅರ್ಥ ಏನು ಎಂಬ ಉತ್ತರ ಬಂತು. ಮಾತಿಗೆ ಅವಕಾಶ ಕೊಡುವುದು ಬೇರೆ, ಆ ಮಾತು ತನ್ನನ್ನು ತಟ್ಟುವಂತೆ ಕೇಳುವುದು ಬೇರೆ. ನಮ್ಮ ಗ್ರಾಮಸಭೆಗಳಲ್ಲಿ ಹಾಜರಿ ಪುಸ್ತಕಕ್ಕೆ ಎಲ್ಲ ಕೇರಿಯವರ ಸಹಿ ಬೀಳುತ್ತದೆ, ಮಾತು ಮಾತ್ರ ಹಳೆಯ ಯಜಮಾನರದೇ ನಡೆಯುತ್ತದೆ. ಹಾಗೆ ನಡೆದಲ್ಲೆಲ್ಲ ಇದೇ ಕೊರತೆ ಇದೆ.

ಹಾಗಾದರೆ ಆ ವಾದ ವ್ಯರ್ಥವಾಯಿತೇ? ನಮ್ಮ ವಿಮರ್ಶಕ ಡಿ.ಆರ್. ನಾಗರಾಜ್ 1993ರಲ್ಲಿ ಇಂಗ್ಲಿಷಿನಲ್ಲಿ ತಂದ ‘ದ ಫ್ಲೇಮಿಂಗ್ ಫೀಟ್’ ಪುಸ್ತಕದಲ್ಲಿ ಈ ಮುಖಾಮುಖಿಯನ್ನು ಹೊಸದಾಗಿ ಓದಿದರು. ಈ ಘರ್ಷಣೆಯಿಂದ ಇಬ್ಬರೂ ಬದಲಾಗಿಯೇ ಹೊರಬಂದರು ಎಂಬುದು ಅವರ ವಾದ. ಗಾಂಧೀಜಿಯ ಮಟ್ಟಿಗೆ ಅದಕ್ಕೆ ಸಾಕ್ಷಿ ಇದೆ. ಅಂತರ್ಜಾತಿ ವಿವಾಹದ ಬಗ್ಗೆ ಒಂದು ಕಾಲಕ್ಕೆ ಹಿಂಜರಿಯುತ್ತಿದ್ದವರು, 1940ರ ದಶಕದಲ್ಲಿ ವಧೂವರರಲ್ಲಿ ಒಬ್ಬರು ದಲಿತರಾಗಿದ್ದರೆ ಮಾತ್ರ ತನ್ನ ಆಶೀರ್ವಾದ ಎನ್ನುವ ಮಟ್ಟಕ್ಕೆ ಬಂದರು. ‘ಜಾತಿ ವಿನಾಶ’ ಕೊಟ್ಟ ಮದ್ದುಗಳಲ್ಲಿ ಅಂತರ್ಜಾತಿ ವಿವಾಹವೂ ಒಂದಾಗಿತ್ತು. ಒಪ್ಪಿಗೆ ವಾದದ ಹೊತ್ತಿಗೇ ಬರಬೇಕೆಂದಿಲ್ಲ. ಹತ್ತು ವರ್ಷದ ಮೇಲೆ, ‘ಒಪ್ಪಿದೆ’ ಎಂಬ ಮಾತೇ ಇಲ್ಲದೆ, ನಡತೆಯಲ್ಲಿ ಬರಬಹುದು. ಆದ್ದರಿಂದಲೇ ಎದುರಾಳಿಯ ಮಾತು ಅಚ್ಚಿನಲ್ಲಿ, ನೆನಪಿನಲ್ಲಿ, ಅದರ ಪೂರ್ಣ ಬಲದೊಂದಿಗೆ ಉಳಿದಿರಬೇಕು.

ಎಲ್ಲರೊಂದಿಗೂ, ಯಾವಾಗಲೂ ಸಂವಾದಕ್ಕೆ ಕೂರಲೇಬೇಕೇ ಎಂಬ ಪ್ರಶ್ನೆ ಇಲ್ಲಿ ಏಳುತ್ತದೆ. ನ್ಯಾಯಸೂತ್ರ ಹಾಗೆ ಹೇಳುವುದಿಲ್ಲ. ಶಿಷ್ಯ, ಗುರು, ಸಹಪಾಠಿ, ಹಿತೈಷಿ, ಒಟ್ಟಿನಲ್ಲಿ ಅಸೂಯೆಯಿಲ್ಲದವರ ಜೊತೆ ವಾದ ಮಾಡು ಎನ್ನುತ್ತದೆ. ಮಿಕ್ಕವರ ಎದುರು ಜಲ್ಪ ವಿತಂಡಗಳೂ ಬೇಕಾಗಬಹುದು, ಮೊಳಕೆಯೊಡೆಯುವ ಬೀಜವನ್ನು ಕಾಯಲು ಮುಳ್ಳಿನ ಬೇಲಿ ಹಾಕುವಂತೆ ಎನ್ನುತ್ತದೆ. ಇದನ್ನು ನಾನು ಅರ್ಧ ಒಪ್ಪುತ್ತೇನೆ. ನೀನು ಮನುಷ್ಯಳು ಹೌದೋ ಅಲ್ಲವೋ ಎಂದೇ ಶುರುಮಾಡುವವನಿಗೆ ಉತ್ತರ ಕೊಡುವ ಋಣ ಯಾರ ಮೇಲೂ ಇಲ್ಲ. ಅತ್ಯಾಚಾರಕ್ಕೆ ಸಿಕ್ಕವಳನ್ನು ಟಿವಿ ಪರದೆಯ ಮೇಲೆ ಕೂರಿಸಿ ‘ಇನ್ನೊಂದು ಕಡೆಯನ್ನೂ ಕೇಳೋಣ’ ಎನ್ನುವುದು ಸಂವಾದವಲ್ಲ. ಆದರೆ ಬೇಲಿ ಹಾಕುವ ಅನುಮತಿ ಸಿಕ್ಕ ಕೂಡಲೇ ನಾವೆಲ್ಲ ನಮ್ಮ ಎದುರಾಳಿಗಳನ್ನು ಅಸೂಯೆಯವರ ಸಾಲಿಗೇ ಸೇರಿಸುತ್ತೇವೆ ಎಂಬ ಭಯ ನನಗಿದೆ.

ಎದ್ದುಹೋಗುವುದರಲ್ಲೂ ನೀತಿಯಿದೆ. ಸೋಲಿಗೆ ಹೆದರಿ ನೆಪ ಹೇಳುವುದು ವಿಕ್ಷೇಪ. ಅಂಬೇಡ್ಕರ್ ಮಾಡಿದ್ದು ಅದಲ್ಲ. 1935ರ ಅಕ್ಟೋಬರ್‌ನಲ್ಲಿ ಯೇವಲೆಯಲ್ಲಿ, ಹಿಂದೂವಾಗಿ ಸಾಯುವುದಿಲ್ಲ ಎಂದು ಘೋಷಿಸಿದ್ದರು. ಲಾಹೋರಿಗೆ ಬರೆದ ಭಾಷಣದಲ್ಲಿ, ಹಿಂದೂ ಶ್ರೋತೃಗಳ ಮುಂದೆ ಬಹುಶಃ ಇದೇ ನನ್ನ ಕೊನೆಯ ಮಾತು ಎಂದರು. ಹೊರಡುವ ಕಾರಣವನ್ನೆಲ್ಲ ಬಿಡಿಸಿ ಹೇಳಿದರು, ಆಕ್ಷೇಪ ಬಂದಾಗ ಅದಕ್ಕೂ ಉತ್ತರ ಕೊಟ್ಟರು, ಆಮೇಲೂ ಇಪ್ಪತ್ತು ವರ್ಷ ಓದಿ, ಯೋಚಿಸಿ, 1956ರ ಅಕ್ಟೋಬರ್ 14ರಂದು ನಾಗಪುರದಲ್ಲಿ ಬೌದ್ಧರಾದರು. ಹೊರನಡೆದವರೇ ಆ ಮಾತುಕತೆಯಲ್ಲಿ ಅತಿ ಹೆಚ್ಚು ಕಾರಣಗಳನ್ನು ಕೊಟ್ಟವರೂ ಆಗಿದ್ದರು.

ಈ ಶಿಸ್ತನ್ನು ಎಲ್ಲಿಂದ ಕಲಿಸಬೇಕು ಎಂದು ಕೇಳಿದರೆ ನನ್ನಲ್ಲಿ ಒಂದು ಸಣ್ಣ, ಖರ್ಚಿಲ್ಲದ ಸಲಹೆ ಇದೆ. ನಮ್ಮ ಶಾಲೆಗಳಲ್ಲಿ ಪ್ರತಿಭಾ ಕಾರಂಜಿಯಿಂದ ಹಿಡಿದು ಅಂತರಶಾಲಾ ಕೂಟಗಳವರೆಗೆ ಚರ್ಚಾಸ್ಪರ್ಧೆ ನಡೆಯುತ್ತದೆ. ಮಕ್ಕಳು ಪರ ಅಥವಾ ವಿರೋಧ ಎಂದು ಹೆಸರು ಕೊಟ್ಟು, ಮನೆಯಲ್ಲಿ ಬಾಯಿಪಾಠ ಮಾಡಿದ ಭಾಷಣವನ್ನು ವೇದಿಕೆಯಲ್ಲಿ ಒಪ್ಪಿಸಿ ಇಳಿಯುತ್ತಾರೆ. ಹಿಂದಿನ ಹುಡುಗಿ ಏನು ಹೇಳಿದಳೆಂದು ಮುಂದಿನ ಹುಡುಗ ಕೇಳಿಸಿಕೊಂಡಿರಬೇಕಾದ ಅಗತ್ಯವೇ ಇರುವುದಿಲ್ಲ. ಉಚ್ಚಾರಣೆಗೆ, ಹಾವಭಾವಕ್ಕೆ, ವಿಷಯಕ್ಕೆ ಅಂಕಗಳಿರುತ್ತವೆ. ಅವುಗಳ ಜೊತೆಗೆ ಒಂದು ಕಲಂ ಸೇರಿಸಬಹುದು. ಪ್ರತಿ ಸ್ಪರ್ಧಿಯೂ ತನ್ನ ಸರದಿಯ ಮೊದಲ ಒಂದು ನಿಮಿಷದಲ್ಲಿ ಹಿಂದಿನವರ ವಾದವನ್ನು ತನ್ನ ಮಾತಿನಲ್ಲಿ ಹೇಳಲಿ. ಅದು ಸರಿಯಿದೆಯೇ ಎಂದು ತೀರ್ಪುಗಾರರು ಹಿಂದಿನ ಸ್ಪರ್ಧಿಯನ್ನೇ ಕೇಳಲಿ. ‘ಹೌದು ಸರ್, ನಾನು ಹೇಳಿದ್ದು ಇದನ್ನೇ’ ಎಂದು ಅವಳು ಒಪ್ಪಿದರೆ ಮಾತ್ರ ಖಂಡನೆ ಶುರುವಾಗಲಿ. ಒಪ್ಪದಿದ್ದರೆ ಇನ್ನೊಮ್ಮೆ ಹೇಳಲು ಅವಕಾಶ ಕೊಡಲಿ, ಮೂರು ಸಲದವರೆಗೆ.